ಪರದೆಯ ಪಕ್ಕದ ಗುಂಡೂ ಕಾಕಾ

ಮೂಕಿ ಚಿತ್ರಗಳ ಕಾಲದಲ್ಲಿ ಪುಣೆಯ ಥಿಯೇಟರೊಂದರಲ್ಲಿ ಪರದೆಯ ಪಕ್ಕ ನಿಂತು ಎಲ್ಲ ಪಾತ್ರಗಳ ಮಾತನ್ನೂ ಒಬ್ಬನೇ ಆಡುತ್ತಿದ್ದವನು ನನ್ನ ಗುಂಡೂ ಕಾಕಾ. ರಾಜ, ರಾಕ್ಷಸ, ಅಳುವ ಕೂಸು ಎಲ್ಲ ಅವನ ಗಂಟಲಲ್ಲೇ ಇದ್ದರು. ಅವನ ಮರಾಠಿಯಲ್ಲಿ ಧಾರವಾಡದ ಎಳೆತವಿತ್ತು. ಮಾತಿನ ತಪ್ಪು ಹಿಡಿಯದೆ ಬಿಡದ ಪುಣೆಯವರು ಅವನೊಬ್ಬನನ್ನು ಸುಮ್ಮನೆ ಬಿಟ್ಟಿದ್ದರು.

ಮುಖ್ಯ ಚಿತ್ರಕ್ಕೆ ಮೊದಲು ಹಲ್ಲುಪುಡಿಯ ಜಾಹೀರಾತೊಂದು ಬರುತ್ತಿತ್ತು. ಅದನ್ನು ತೆಗೆದದ್ದು ನಾವೆಲ್ಲ ಒಟ್ಟಿಗಿದ್ದ ವಾಡೆಯ ಅಂಗಳದಲ್ಲೇ, ಬಿಸಿಲಲ್ಲಿ. ಹಲ್ಲುನೋವಿನ ಗಂಡನಾಗಿ ಕಾಕಾ ನಿಂತ. ಹೆಂಡತಿಯ ವೇಷ ಹಾಕಬೇಕಿದ್ದ ನಟ ಮೀಸೆ ಬೋಳಿಸಲು ಒಪ್ಪಲೇ ಇಲ್ಲ. ಕಡೆಗೆ ಕಾಕಾನ ಹೆಂಡತಿ ರಾಧಾ ಕಾಕೂನನ್ನೇ ಅಡುಗೆಮನೆಯಿಂದ ಎಳೆತಂದರು. ಚಕ್ಕುಲಿ ಕಡಿಯಲಾರದ ಗಂಡನನ್ನು ಅವಳು ಬೈಯಬೇಕು. ಬೈದದ್ದೇನೋ ನಿಜ, ಮಾತು ಮಾತ್ರ ಅವಳದೇ:

"ಒಲೀ ಮ್ಯಾಲೆ ಹಾಲಿಟ್ಟೀನಿ. ಉಕ್ಕಿದ್ರ ನಿಮ್ಮ ಕ್ಯಾಮರಾದವರು ಬಂದು ಒರಸ್ತಾರೇನ್ರಿ?"

ಹಾಲು ಉಕ್ಕಿಯೂ ಉಕ್ಕಿತು.

ಕಾಕೂನದು ತೋರ ಗಂಟಲು. ಆದರೆ ಜನ ನಗಲೆಂದು ಕಾಕಾ ಅವಳ ಪಾತ್ರಕ್ಕೆ ಗಿಣಿಯಂಥ ಕೀರಲು ದನಿ ಕೊಟ್ಟ. ಮೊದಲ ದಿನ ಕಾಕೂ ಬಂದು ನೋಡಿ, "ಇದ್ಯಾರ ದನೀರಿ? ನಾ ಹಿಂಗ ಮಾತಾಡ್ತೀನೇನು?" ಎಂದು ಸೆರಗು ಬಾಯಿಗಿಟ್ಟು ನಕ್ಕಳು.

ಅದೇ ಮಳೆಗಾಲದಲ್ಲಿ ಅವಳು ಜ್ವರದಿಂದ ತೀರಿಹೋದಳು. ಜಾಹೀರಾತು ನಿಲ್ಲಿಸೋಣವೆಂದು ಥಿಯೇಟರಿನ ಮಾಲೀಕರೇ ಹೇಳಿದರು. ಕಾಕಾ ಒಪ್ಪಲಿಲ್ಲ. ಅತ್ತಿಗೆಯಾದ ನನ್ನ ಅವ್ವನ ಮುಂದೆ ಅಂದ: "ಇರ್ಲಿ ಬಿಡ್ರಿ ವೈನಿ. ಆಕಿ ಓಡ್ಯಾಡೂದು ಈಗ ಆ ಪರದೀ ಮ್ಯಾಲಷ್ಟ ಕಾಣತದ."

ಎರಡು ವರ್ಷ, ದಿನವೂ, ಸತ್ತ ಹೆಂಡತಿಯ ಪಕ್ಕ ನಿಂತು ಆ ಕೀರಲು ದನಿಯಲ್ಲಿ ತನ್ನನ್ನು ತಾನೇ ಬೈದುಕೊಂಡು ಜನರನ್ನು ನಗಿಸಿದ. ನಾನೂ ಹೋಗಿ ನಕ್ಕೆ. ನೆನೆದರೆ ಈಗಲೂ ಸಂಕಟವಾಗುತ್ತದೆ.

ಒಂದು ಮಧ್ಯಾಹ್ನ ಕಾಕಾ ಆಟಕ್ಕೆ ಹೋಗದೆ ನಮ್ಮ ಕಟ್ಟೆಯ ಮೇಲೆ ಬಂದು ಕುಳಿತ. ಮುಖ ಬಿಳಿಚಿಕೊಂಡಿತ್ತು.

"ಸುಮೀ, ಆಕೀ ಖರೇ ದನಿ ಮರ್ತೀನಿ. ಎಷ್ಟು ನೆನಸಿದ್ರೂ ಆ ಗಿಣಿ ದನೀನ ಬರತದ. ವೈನೀನ್ನ ಕೇಳಿದ್ರ ಅಳತಾರ. ಆಕಿ ನಿನ್ನ ಊಟಕ್ಕ ಹೆಂಗ ಕರೀತಿದ್ಲು? ಒಮ್ಮೆ ಅಂದು ತೋರ್ಸು."

ನಾನು ಕಾಕೂನ ಕೈತುತ್ತು ತಿಂದು ಬೆಳೆದವಳು. ನನಗೆ ಬಾರದಿರುತ್ತದೆಯೇ ಎಂದುಕೊಂಡೆ. ಕಣ್ಣು ಮುಚ್ಚಿ, "ಸುಮೀ, ಊಟಕ್ಕ ಬಾರವ್ವಾ" ಎಂದೆ.

ನನ್ನ ಬಾಯಿಂದಲೂ ಗಿಣಿಯ ದನಿಯೇ ಬಂತು.

ಕಾಕಾ ನನ್ನ ತಲೆ ಸವರಿ, "ಹೋಗ್ಲಿ ಬಿಡು, ಅಳಬ್ಯಾಡ" ಎಂದು ಎದ್ದ. ಧಾರವಾಡಕ್ಕೆ ಹೋಗಿಬರುತ್ತೇನೆಂದು ಹೊರಟವನು ಅಲ್ಲಿಗೂ ಹೋಗಲಿಲ್ಲ, ಇಲ್ಲಿಗೂ ಬರಲಿಲ್ಲ. ಅಂದು ನಾನು ಬಾಯಿ ತೆರೆಯಬಾರದಿತ್ತು.