ಗೋಡೆಯ ಕಿಂಡಿ ಮತ್ತು ನನ್ನ ಪ್ರಬಂಧ

ಯಲಹಂಕದ ಪದವಿ ಕಾಲೇಜೊಂದಕ್ಕೆ ಸಮಾಜಶಾಸ್ತ್ರ ಕಲಿಸಲು ಸೇರಿದಾಗ ನನ್ನ ಪಾಲಿಗೆ ಬಂದದ್ದು ಬೇರೆ ಯಾರಿಗೂ ಬೇಡವಾಗಿದ್ದ ಪತ್ರಿಕೆ: ಸಮಾಜಶಾಸ್ತ್ರೀಯ ಚಿಂತನೆಯ ಇತಿಹಾಸ. ಕುಟುಂಬ, ಗ್ರಾಮ, ಅಪರಾಧ ಇವನ್ನೆಲ್ಲ ಹಿರಿಯರು ಮೊದಲೇ ಹಂಚಿಕೊಂಡಿದ್ದರು. ಉಳಿದದ್ದು, ಎಲ್ಲೋ ಯುರೋಪಿನಲ್ಲಿ ಕೆಲವರು ಸಮಾಜ ಅಂದರೇನು, ಅದನ್ನು ತಿಳಿಯುವುದು ಹೇಗೆ ಎಂದು ತಲೆ ಕೆಡಿಸಿಕೊಂಡ ಕಥೆ. ಕಲ್ಲು, ನೀರು, ನಕ್ಷತ್ರಗಳನ್ನು ಓದುವ ಹಾಗೆ ಮನುಷ್ಯರ ಬದುಕನ್ನೂ ಓದಬಹುದು ಎಂದು ನಂಬಿದವರೊಬ್ಬರು. ಸಮಾಜವನ್ನು ಒಂದು ವಸ್ತುವಿನಂತೆ ಹೊರಗಿನಿಂದ ನೋಡಿ, ಅದು ನಮ್ಮನ್ನು ಬಗ್ಗಿಸುತ್ತದೆ, ನಾವದನ್ನಲ್ಲ ಎಂದವರು ಇನ್ನೊಬ್ಬರು. ಹೊರಗೆ ನಿಂತು ನೋಡಿದರೆ ಸಾಲದು, ಮಾಡುವವನ ಮನಸ್ಸಿನಲ್ಲಿ ಅದಕ್ಕೇನು ಅರ್ಥವೋ ಅದನ್ನು ಹಿಡಿಯಬೇಕು ಎಂದು ತಕರಾರು ತೆಗೆದವರು ಮತ್ತೊಬ್ಬರು.

ನನಗೆ ಈ ಜಗಳ ಬಹಳ ಹತ್ತಿರದ್ದು ಅನ್ನಿಸುತ್ತಿತ್ತು. ಪಾಠದ ಮಧ್ಯೆ ವಾಯುನೆಲೆಯ ವಿಮಾನಗಳು ತಲೆಯ ಮೇಲೆ ಹಾದು ಮಾತು ನುಂಗಿಬಿಡುತ್ತಿದ್ದವು. ಸದ್ದು ಇಳಿಯುವ ತನಕ ಸೀಮೆಸುಣ್ಣ ಹಿಡಿದು ನಿಂತಿರುವಾಗ ನನ್ನೊಳಗೇ ಆ ಕೊನೆಯ ಇಬ್ಬರೂ ವಾದ ಮುಂದುವರಿಸುತ್ತಿದ್ದರು. ಹೊರಗೋ, ಒಳಗೋ? ಬಾಗಲಕೋಟೆ ಕಡೆಯಿಂದ ಬಂದ ನನಗೆ ಈ ಊರಿನಲ್ಲಿ ಅದು ಬರಿಯ ಪಾಠವಾಗಿರಲಿಲ್ಲ. ಬಾಯಿ ತೆರೆದರೆ ಸಾಕು, "ಮೇಡಂ ಆ ಕಡೆಯೋರಾ?" ಎಂದು ಕೇಳುತ್ತಿದ್ದರು.

ಹುಣಸಮಾರನಹಳ್ಳಿಯಲ್ಲಿ ಒಂದು ಹಳೆಯ ಮನೆತನದವರ ಮಹಡಿಯಲ್ಲಿ ಬಾಡಿಗೆಗಿದ್ದೆ. ಕೆಳಗೆ ಮನೆಯ ಯಜಮಾನ, ಅವರ ಹೆಂಡತಿ. ಆಕೆಗೆ ಐವತ್ತೈದರ ಆಸುಪಾಸು. ಮೊದಲ ದಿನ ನಮ್ಮ ಕಡೆಯ ರೂಢಿಯಂತೆ "ಅಕ್ಕಾರ" ಎಂದು ಕರೆದೆ. ಆಕೆ ಬಾಯಿಗೆ ಸೆರಗು ಹಿಡಿದು ನಕ್ಕರು. ಆಮೇಲೆ ನಾನು ಬೇರೆ ಏನು ಕರೆದರೂ ಓಗೊಡಲಿಲ್ಲ.

ಆ ಮನೆಗೆ ಅಂಟಿಕೊಂಡೇ ಯಜಮಾನರ ತಮ್ಮನ ಮನೆ. ಪಾಲಾದ ಮೇಲೆ ಬೋರ್‌ವೆಲ್ ವಿಷಯಕ್ಕೆ ಅಣ್ಣತಮ್ಮಂದಿರು ಕೈಕೈ ಮಿಲಾಯಿಸಿದ್ದರಂತೆ. ಅಂದಿನಿಂದ ಮಾತಿಲ್ಲ, ಹಬ್ಬವಿಲ್ಲ, ಸಾವಿಗೂ ಬೇರೆ ಬೇರೆ ಹೊತ್ತಿಗೆ ಹೋಗಿ ಬರುತ್ತಾರೆ. ನಡುವೆ ಸಿಮೆಂಟ್ ಇಟ್ಟಿಗೆಯ ಆಳೆತ್ತರದ ಗೋಡೆ. ಹಿತ್ತಿಲಲ್ಲಿ, ಬಟ್ಟೆ ಒಗೆಯುವ ಕಲ್ಲಿನ ಪಕ್ಕ, ಹಿಂದೆಂದೋ ಪೈಪು ಹಾಯಿಸಲು ಒಂದು ಇಟ್ಟಿಗೆ ತೆಗೆದಿದ್ದರು. ಪೈಪು ಹೋಗಿತ್ತು, ಕಿಂಡಿ ಉಳಿದಿತ್ತು.

ಬೆಳಗಿನ ತರಗತಿ ಇಲ್ಲದ ದಿನ ನಾನು ಬಟ್ಟೆ ಒಣಹಾಕುವ ಟೆರೇಸಿನಿಂದ ಆ ಕಿಂಡಿ ಕಾಣುತ್ತಿತ್ತು. ಗಂಡಸರು ಹೊರಗೆ ಹೋದ ಮೇಲೆ, ಹನ್ನೊಂದರ ಸುಮಾರಿಗೆ, ಅಕ್ಕ ಒಂದು ಸ್ಟೀಲ್ ಡಬ್ಬಿ ತಂದು ಕಿಂಡಿಯಲ್ಲಿಟ್ಟು ಬಳೆಯಿಂದ ಗೋಡೆಗೆ ಎರಡು ಸಲ ಬಡಿಯುತ್ತಿದ್ದರು. ಆಚೆಯಿಂದ ಇನ್ನೊಂದು ಕೈ ಬಂದು ಡಬ್ಬಿಯನ್ನು ಎಳೆದುಕೊಳ್ಳುತ್ತಿತ್ತು. ಅದು ಅವರ ಓರಗಿತ್ತಿಯ ಕೈ. ಎರಡು ಮೂರು ದಿನಕ್ಕೆ ಅದೇ ಡಬ್ಬಿ ಆಚೆಯಿಂದ ಈಚೆಗೆ ಬರುತ್ತಿತ್ತು. ಬಸ್ಸಾರೋ, ಹಿತಕಿದ ಬೇಳೆಯೋ, ಏನೋ ಒಂದು. ಡಬ್ಬಿ ಕೈಬದಲಾದ ಮೇಲೂ ಇಬ್ಬರೂ ಗೋಡೆಗೆ ಮುಖ ಮಾಡಿಕೊಂಡು ಸ್ವಲ್ಪ ಹೊತ್ತು ನಿಂತಿರುತ್ತಿದ್ದರು. ಪಿಸುಮಾತಿನಲ್ಲಿ ಸುಖದುಃಖ ಹೇಳಿಕೊಳ್ಳುತ್ತಿದ್ದಾರೆ ಎಂದುಕೊಂಡೆ. ಅಷ್ಟು ಎತ್ತರಕ್ಕೆ ಏನೂ ಕೇಳಿಸುತ್ತಿರಲಿಲ್ಲ.

ಆಗ ನಾನು ಪಿಎಚ್.ಡಿ.ಗೆ ನೋಂದಾಯಿಸಿ ಮೂರು ವರ್ಷವಾಗಿತ್ತು. ಸಿದ್ಧಾಂತದ ಅಧ್ಯಾಯಗಳು ಒಣಗಿ ಕೂತಿದ್ದವು. ಮಾರ್ಗದರ್ಶಕರಿಗೆ ಫೋನಿನಲ್ಲಿ ಈ ಕಿಂಡಿಯ ವಿಷಯ ಹೇಳಿದೆ. ಅವರ ದನಿಯೇ ಬದಲಾಯಿತು.

"ಇದೇ ಕಣಮ್ಮ ಬೇಕಾಗಿರೋದು! ಮೇಲೆ ಜಗಳ, ಕೆಳಗೆ ಒಗ್ಗಟ್ಟು. ಬಿಡ್ಬೇಡ ಇದನ್ನ."

"ಅವರನ್ನ ಕೇಳಿ ಬರೀಲಾ ಸರ್?"

"ಈಗ್ಲೇ ಕೇಳ್ಬೇಡ. ಕೇಳಿದ್ರೆ ನಾಳೆಯಿಂದ ಅವರು ಸಹಜವಾಗಿರಲ್ಲ. ಹೆಸರು ತೆಗೆದುಬಿಡು, ಸಾಕು."

ನನಗೂ ಅದೇ ಬೇಕಿತ್ತು. ಕೇಳದಿರುವುದಕ್ಕೆ ಶಾಸ್ತ್ರದ ಅಪ್ಪಣೆ ಸಿಕ್ಕಂತಾಯಿತು. ಹೆಸರು ತೆಗೆದೆ, ಊರು ತೆಗೆದೆ, ‘ಬೆಂಗಳೂರಿನ ಉತ್ತರದ ಒಂದು ಹಳ್ಳಿ’ ಎಂದೆ. ಪುರುಷರ ಬಹಿರಂಗ ವೈರದ ಅಡಿಯಲ್ಲಿ ಹೆಂಗಸರು ಕಾಪಾಡಿಕೊಂಡ ಪ್ರೀತಿ ಎಂದು ಪ್ರಬಂಧಕ್ಕೆ ಒಂದು ಅಧ್ಯಾಯ ಬರೆದೆ. ಕಾಲೇಜಿನ ವಾರ್ಷಿಕ ಸಂಚಿಕೆಗೆ ಲೇಖನಗಳು ಸಾಲದಾದಾಗ, ಅದರ ಸಂಕ್ಷಿಪ್ತ ಕನ್ನಡ ರೂಪವನ್ನು ಹಿಂದೆಮುಂದೆ ನೋಡದೆ ಕೊಟ್ಟೆ. ಅಚ್ಚಾಗಿ ಬಂದ ದಿನ ಸ್ಟಾಫ್ ರೂಮಿನಲ್ಲಿ ಅದನ್ನೇ ನಾಲ್ಕು ಸಲ ತೆರೆದು ನೋಡಿದೆ.

ಆಚೆ ಮನೆಯ ಮಗಳು ನಮ್ಮ ಕಾಲೇಜಿನಲ್ಲೇ ಬಿ.ಕಾಂ. ಓದುತ್ತಿದ್ದಳು. ಗೊತ್ತಿತ್ತು. ಆದರೆ ಸಂಚಿಕೆ ಕಾಮರ್ಸಿನವರಿಗೂ ಹಂಚುತ್ತಾರೆ ಎಂಬುದು ಹೊಳೆದಿರಲಿಲ್ಲ. ಒಗೆಯುವ ಕಲ್ಲು, ಪೈಪಿನ ಕಿಂಡಿ, ಎರಡು ಸಲದ ಬಳೆಯ ಸದ್ದು. ಇಷ್ಟಾದ ಮೇಲೆ ಹೆಸರು ಯಾಕೆ ಬೇಕು? ಅವಳಿಗೆ ಖುಷಿಯಾಗಿ ಮನೆಯಲ್ಲಿ ಗಟ್ಟಿಯಾಗಿ ಓದಿದಳಂತೆ. ಅಪ್ಪನೂ ಅಲ್ಲೇ ಕೂತಿದ್ದರು.

ಮರುದಿನ ನಾನು ಕಾಲೇಜಿನಿಂದ ಬರುವಾಗ ಗಾರೆಯವನೊಬ್ಬ ಆಚೆ ಹಿತ್ತಿಲಲ್ಲಿ ಕರಣೆ ತೊಳೆಯುತ್ತಿದ್ದ. ಕಿಂಡಿಯಿದ್ದ ಕಡೆ ಹಸಿ ಸಿಮೆಂಟು. ಈಚೆ ಕಡೆ ಮನೆಯ ಯಜಮಾನರು ಸೊಂಟಕ್ಕೆ ಕೈಯಿಟ್ಟು ನಿಂತು ಅದನ್ನೇ ನೋಡುತ್ತಿದ್ದರು. ಜಗಳವಾದ ಆರು ವರ್ಷದಲ್ಲಿ ಅಣ್ಣತಮ್ಮಂದಿರು ಒಪ್ಪಿದ್ದು ಬಹುಶಃ ಅದೊಂದೇ ವಿಷಯ.

ಅಕ್ಕ ಅಡುಗೆಮನೆಯಲ್ಲಿ ಸೊಪ್ಪು ಬಿಡಿಸುತ್ತಿದ್ದರು. ಬಾಗಿಲಲ್ಲೇ ನಿಂತೆ.

"ಅಕ್ಕಾರ, ನಾನು ಹೆಸರು ಹಾಕಿರ್ಲಿಲ್ಲ."

ಆಕೆ ತಲೆ ಎತ್ತಲಿಲ್ಲ. "ಎಸ್ರು ಆಕಿದ್ರೆ ಎಂಗಿರೋದೋ. ಎಸ್ರು ಆಕ್ದಲೇನೇ ಇಂಗಾಯ್ತಲ್ಲ."

"ತಪ್ಪಾಯ್ತು."

"ಮೇಲಿಂದ ನೋಡ್ತಿದ್ರಿ, ಅಲ್ವಾ? ನಂಗೂ ಗೊತ್ತಿತ್ತು. ಬಟ್ಟೆ ಎತ್ಕೊಳಾಕೆ ಅಂತ ಬಂದು ಆಟೊತ್ತು ನಿಂತ್ಕೊತಿದ್ರಿ. ಒಂಟಿ ಎಣ್ಮಗ್ಳು, ನೋಡ್ಕೊಳ್ಳಿ ಬುಡು ಅಂತ ಸುಮ್ನಿದ್ದೆ." ದಂಟೊಂದನ್ನು ಮುರಿದು, "ಒಂದ್ ಮಾತು ಕೇಳ್ಬೋದಿತ್ತು ಮೇಡಮ್ಮೋರೆ" ಎಂದರು.

ಅಲ್ಲಿಯವರೆಗೆ ಆಕೆ ನನ್ನನ್ನು ‘ಏನವ್ವಾ’ ಎಂದು ಕರೆಯುತ್ತಿದ್ದರು. ಆ ದಿನದಿಂದ ಮೇಡಮ್ಮೋರಾದೆ.

ನಂತರದ ನಾಲ್ಕು ತಿಂಗಳು ನನಗೆ ಒಂದು ಕಡೆ ಕೂರಲಾಗಲಿಲ್ಲ. ಬಟ್ಟೆಯನ್ನು ಕೋಣೆಯೊಳಗೇ ಒಣಹಾಕುತ್ತಿದ್ದೆ. ಅವು ಮುಗ್ಗಲು ವಾಸನೆ ಹೊಡೆಯುತ್ತಿದ್ದವು. ಭಾನುವಾರ ಸುಮ್ಮನೆ ಬಸ್ಸು ಹತ್ತಿ ಯಶವಂತಪುರದವರೆಗೆ ಹೋಗಿ ಕಾಫಿ ಕುಡಿದು ವಾಪಸ್ ಬರುತ್ತಿದ್ದೆ. ತರಗತಿಯಲ್ಲಿ ನೋಡುವವನು ಪಕ್ಷಪಾತವಿಲ್ಲದೆ ನೋಡಬೇಕು ಎಂಬ ಪಾಠಕ್ಕೆ ಬಂದಾಗ ಪುಸ್ತಕ ಮುಚ್ಚಿ ಹಾಜರಿ ಕರೆದೆ. ನಕ್ಷತ್ರವನ್ನು ನೋಡಿ ಬರೆದರೆ ನಕ್ಷತ್ರ ಓದಿ ಬೇಜಾರು ಮಾಡಿಕೊಳ್ಳುವುದಿಲ್ಲ. ಈ ಒಂದು ಸಣ್ಣ ಸಂಗತಿಯನ್ನು ನಾನು ಎಷ್ಟೋ ಸಲ ಪರೀಕ್ಷೆಯಲ್ಲಿ ಬರೆದು ಅಂಕ ತೆಗೆದಿದ್ದೆ. ಪ್ರಬಂಧದಿಂದ ಆ ಅಧ್ಯಾಯ ತೆಗೆಯುತ್ತೇನೆ ಎಂದಾಗ ಮಾರ್ಗದರ್ಶಕರು ಸಿಟ್ಟಾದರು. "ಭಾವುಕಳಾಗಬೇಡ. ಕಿಂಡಿ ಮುಚ್ಚಿದ್ದೂ ಒಳ್ಳೇ ಡೇಟಾನೇ" ಎಂದರು. ನಾನು ಫೋನ್ ಇಟ್ಟೆ. ಅವರು ಹೇಳಿದ್ದು ಸರಿಯೆಂದು ನನ್ನೊಳಗಿನ ಒಂದು ಭಾಗ ತಕ್ಷಣ ಒಪ್ಪಿಕೊಂಡಿತ್ತು, ನಾಚಿಕೆಯಾದದ್ದು ಅದಕ್ಕೆ.

ಒಂದು ಮಧ್ಯಾಹ್ನ ಅಕ್ಕ ಮೆಟ್ಟಿಲು ಹತ್ತಿ ಬಂದು ನನ್ನ ಬಾಗಿಲು ತಟ್ಟಿದರು. ಆ ನಾಲ್ಕು ತಿಂಗಳಲ್ಲಿ ಮೊದಲ ಸಲ. ಮೈದುನನಿಗೆ ಎದೆನೋವು ಬಂದು ಹೆಬ್ಬಾಳದ ಕಡೆ ಒಂದು ಆಸ್ಪತ್ರೆಗೆ ಸೇರಿಸಿದ್ದಾರಂತೆ. ಗಂಡ ಹೋಗಕೂಡದು ಎಂದಿದ್ದಾರೆ.

"ನೀವ್ ಓಗಿ ನೋಡ್ಕೊಂಡ್ ಬನ್ನಿ. ಅವ್ನ್ನಲ್ಲ, ಡಾಕ್ಟ್ರು ನೋಡ್ಕೊತಾರೆ ಅವ್ನ್ನ. ಅವ್ಳ್ನ ನೋಡಿ. ಉಂಡವ್ಳೋ ಇಲ್ವೋ ನೋಡಿ." ಹಿಂದೆಂದೋ ನಾನು ಕೆಳಗೆ ಬಿಟ್ಟಿದ್ದ ನನ್ನದೇ ಟಿಫನ್ ಬಾಕ್ಸಿನಲ್ಲಿ ಅನ್ನ, ಸೊಪ್ಪುಸಾರು ತುಂಬಿ ತಂದಿದ್ದರು. "ನೋಡೋದು ನಿಮ್ಗೆ ಚೆನ್ನಾಗಿ ಬರ್ತದಲ್ಲ" ಎಂದರು. ಚುಚ್ಚಿದರೋ, ಸುಮ್ಮನೆ ಹೇಳಿದರೋ, ಈಗಲೂ ಗೊತ್ತಿಲ್ಲ.

ಬಸ್ಸಿನಲ್ಲಿ ಬಾಕ್ಸ್ ತೊಡೆಯ ಮೇಲೆ ಬಿಸಿಯಾಗಿತ್ತು. ಆಸ್ಪತ್ರೆಯ ಎರಡನೇ ಮಹಡಿಯಲ್ಲಿ, ತೀವ್ರ ನಿಗಾ ಘಟಕದ ಹೊರಗಿನ ಬೆಂಚಿನ ಮೇಲೆ ಓರಗಿತ್ತಿ ಒಬ್ಬರೇ ಕೂತಿದ್ದರು. ಕಿಂಡಿಯಲ್ಲಿ ಬಂದುಹೋಗುತ್ತಿದ್ದ ಕೈ ಮಾತ್ರ ನನಗೆ ಪರಿಚಯ; ಮುಖವನ್ನು ಅಷ್ಟು ಹತ್ತಿರದಿಂದ ನೋಡಿದ್ದು ಅದೇ ಮೊದಲು. ಯಾರು ಕಳಿಸಿದ್ದು ಎಂದು ಹೇಳಿದೆ. ಆಕೆ ಬಾಕ್ಸ್ ತೆಗೆದುಕೊಂಡು ಮುಚ್ಚಳ ಬಿಚ್ಚಿ ಮೂಸಿ ನೋಡಿದರು.

"ನೀವೇ ಅಲ್ವಾ ನಮ್ಮುನ್ನ ಪುಸ್ತಕಕ್ಕೆ ಆಕಿದ್ದು?"

ಹೌದೆಂದೆ. ಎದ್ದು ಹೋಗು ಎನ್ನುತ್ತಾರೆ ಎಂದು ಕಾದೆ.

"ಏನಂತ ಬರ್ದಿದ್ರಿ? ಮಗ್ಳು ಓದ್ವಾಗ ನಮ್ಮನೆಯೋರ ಕೂಗಾಟದಲ್ಲಿ ಒಂದೂ ಸರ್ಯಾಗಿ ಕೇಳಿಸ್ನಿಲ್ಲ. ಈಗ ಯೋಳಿ."

ಆಕೆ ಉಣ್ಣುತ್ತಿದ್ದರು, ನಾನು ಹೇಳಿದೆ. ಗಂಡಸರ ಜಗಳ, ಅದರ ಅಡಿಯಲ್ಲಿ ಹೆಂಗಸರು ಬಿಡದೆ ಉಳಿಸಿಕೊಂಡ ಪ್ರೀತಿ. ಆಕೆ ತುತ್ತು ಬಾಯಲ್ಲಿಟ್ಟುಕೊಂಡೇ ನಕ್ಕರು.

"ಪ್ರೀತಿನಾ? ಅವ್ಳಿಗೂ ನಂಗೂ ಆರು ವರ್ಸದಿಂದ ಒಂದ್ ಮಾತಿಲ್ಲ."

"ಮತ್ತೆ ಗೋಡೆ ಹತ್ರ ಇಬ್ಬರೂ ಅಷ್ಟೊತ್ತು ನಿಂತಿರ್ತಿದ್ರಲ್ಲ?"

"ನಿಂತಿರ್ತಿದ್ವಿ. ಅವ್ಳು ಮಾತಾಡ್ಲಿ ಅಂತ ನಾನು. ನಾನು ಮಾತಾಡ್ಲಿ ಅಂತ ಅವ್ಳು."

"ಹಾಗಾದ್ರೆ ಡಬ್ಬಿ?"

"ಅದು ನಮ್ ಅತ್ತೆ ಡಬ್ಬಿ. ಪಾಲು ಮಾಡ್ವಾಗ ಯಾರ ಪಾಲ್ಗೂ ಬರ್ದೆ ನಮ್ಮನೇಲಿ ಉಳ್ಕೊಂಬುಡ್ತು. ಇಟ್ಕೊಂಡ್ರೆ ಕದ್ಲು ಅಂತಾಳೆ. ಕೊಡಾಣ ಅಂದ್ರೆ ಖಾಲಿ ಡಬ್ಬಿ ಕೊಡಂಗಿಲ್ಲ, ಒಳ್ಳೇದಲ್ಲ. ಸಾರು ಆಕಿ ಇಟ್ಟೆ. ಅವ್ಳಿಗೂ ಅಂಗೇ ಆಯ್ತು, ಇಟ್ಕೊಳಂಗಿಲ್ಲ, ಖಾಲಿ ಕೊಡಂಗಿಲ್ಲ. ಯಾರಾರ ಒಬ್ರು ಖಾಲಿ ಇಟ್ಟಿದ್ರೆ ಆವತ್ತೇ ಮುಗೀತಿತ್ತು. ಆಗ್ನಿಲ್ಲ."

ನಾಲ್ಕು ವರ್ಷದಿಂದ ಬೋರ್ಡಿನ ಮೇಲೆ ಬರೆಯುತ್ತಿದ್ದೆ: ನಿಯಮ ನಮ್ಮ ಹೊರಗಿರುತ್ತದೆ, ಮನಸ್ಸಿಲ್ಲದಿದ್ದರೂ ನಮ್ಮನ್ನು ಬಗ್ಗಿಸುತ್ತದೆ. ಉದಾಹರಣೆಗೆ ಯಾವಾಗಲೂ ದೂರದ ಏನನ್ನೋ ಹುಡುಕುತ್ತಿದ್ದೆ. ಪ್ರೀತಿ ಎಂದು ನಾನು ಓದಿದ್ದು ಒಂದು ಖಾಲಿ ಡಬ್ಬಿಯ ಭಯವಾಗಿತ್ತು. ಕೈ ತಾನಾಗಿ ಬ್ಯಾಗಿನೊಳಗಿನ ಪೆನ್ನಿಗೆ ಹೋಗಿತ್ತು. ಒಳಗೆ ಆಕೆಯ ಗಂಡ ಜೀವ ಹಿಡಿದುಕೊಂಡು ಮಲಗಿದ್ದರು, ನನಗೆ ಅಧ್ಯಾಯ ತಿದ್ದುವ ಆತುರ. ಕೈ ಹೊರಗೆ ತೆಗೆದೆ.

ಆಕೆ ಬಾಕ್ಸನ್ನು ನಲ್ಲಿಯಲ್ಲಿ ತೊಳೆದು ತಂದರು. ಕೊಡುವ ಮೊದಲು ಸುತ್ತ ನೋಡಿ, ಚೀಲದಿಂದ ಎರಡು ಬಾಳೆಹಣ್ಣು ತೆಗೆದು ಅದರೊಳಗಿಟ್ಟರು.

ಮನೆಗೆ ಬಂದಾಗ ಅಕ್ಕ ಗೇಟಿನಲ್ಲೇ ನಿಂತಿದ್ದರು. ಉಂಡರು ಎಂದೆ. ಆಮೇಲೆ, ಮುಚ್ಚಿಡಬಾರದು ಅನ್ನಿಸಿ, ಓರಗಿತ್ತಿ ಹೇಳಿದ್ದನ್ನೂ ಹೇಳಿದೆ.

"ಅಂಗಂದ್ಲಾ? ಕೊಬ್ಬು ಅವ್ಳಿಗೆ." ಬಾಳೆಹಣ್ಣನ್ನು ಕೈಯಲ್ಲಿ ಹಿಡಿದು ತಿರುಗಿಸುತ್ತಾ ನಿಂತರು. "ಖಾಲಿ ಕೊಡಂಗಿಲ್ಲ ಅಂತ ಇದ್ರೆ ಒಂದ್ ಇಡಿ ಸಕ್ರೆ ಆಕಿ ಕೊಟ್ರೂ ನಡೀತದೆ. ಸಾರ್ ಯಾಕ್ ಮಾಡ್ತಿದ್ಲು? ಅವ್ಳ ಸಾರು ಬಾಯಿಗಿಟ್ರೆ ನಂಗೆ ಗೊತ್ತಾಗೋದು, ಉಸಾರಾಗವ್ಳೋ ಇಲ್ವೋ ಅಂತ. ಉಪ್ಪು ತಪ್ಪಿದ್ರೆ ಮನೇಲಿ ಏನೋ ಆಗದೆ ಅಂತ. ಈ ನಾಕ್ ತಿಂಗ್ಳು ಏನೂ ಗೊತ್ತಾಗ್ನಿಲ್ಲ, ನೋಡಿ, ಆಸ್ಪತ್ರೆ ಸೇರೋ ಗಂಟ."

ಒಂದೇ ಡಬ್ಬಿ. ನನ್ನದೊಂದು ಅರ್ಥ, ಆಕೆಯದೊಂದು, ಈಕೆಯದೊಂದು. ನನ್ನದು ತಪ್ಪು ಎಂಬುದಷ್ಟೇ ಖಚಿತವಾಗಿತ್ತು. ಅದೂ ಪೂರ್ತಿ ತಪ್ಪೇ?

ಮೈದುನ ಎಂಟು ದಿನದಲ್ಲಿ ಮನೆಗೆ ಬಂದರು. ಅಷ್ಟೂ ದಿನ ಕಾಲೇಜು ಮುಗಿಸಿ ನಾನೇ ಊಟ ಒಯ್ದೆ. ಖಾಲಿ ಬಾಕ್ಸ್ ಒಂದು ದಿನವೂ ವಾಪಸ್ ಬರಲಿಲ್ಲ. ಆದರೆ ಒಬ್ಬರ ಮಾತನ್ನು ಇನ್ನೊಬ್ಬರಿಗೆ ಒಯ್ಯಲು ಇಬ್ಬರೂ ನನ್ನನ್ನು ಬಿಡಲಿಲ್ಲ. "ಅದ್ನೆಲ್ಲ ಯೋಳ್ಬೇಡಿ" ಎನ್ನುತ್ತಿದ್ದರು. ಅಣ್ಣತಮ್ಮಂದಿರು ಈಗಲೂ ಮಾತಾಡುವುದಿಲ್ಲ. ಅಧ್ಯಾಯ ತೆಗೆದು, ಅದರ ಜಾಗದಲ್ಲಿ ಗ್ರಂಥಾಲಯದಲ್ಲಿ ಕೂತು ಬರೆಯಬಹುದಾದ ಇನ್ನೊಂದನ್ನು ಸೇರಿಸಿದೆ. ಪದವಿ ಬಂತು. ಆ ಹೊಸ ಅಧ್ಯಾಯದಲ್ಲಿ ಜೀವ ಇಲ್ಲ ಎಂದು ಪರೀಕ್ಷಕರೊಬ್ಬರು ಹೇಳಿದರು. ನಾನು ತಲೆಯಾಡಿಸಿದೆ.

ಮರುವರ್ಷ ಜಾಲಹಳ್ಳಿ ಕಡೆ ಕೆಲಸ ಸಿಕ್ಕು ಶೆಟ್ಟಿಹಳ್ಳಿಗೆ ಮನೆ ಬದಲಾಯಿಸಿದೆ. ಸಾಮಾನು ಕಟ್ಟುವ ದಿನ, ಕಿಂಡಿಯೂ ಇಲ್ಲ, ನಾನೂ ಇರಲ್ಲ, ಮುಂದೆ ಏನು ಮಾಡ್ತೀರಿ ಎಂದು ಅಕ್ಕನನ್ನು ಕೇಳಿಯೇಬಿಟ್ಟೆ.

"ನಮ್ಮುದ್ನ ನಾವ್ ನೋಡ್ಕೊತೀವಿ. ಎಂಗೆ ಅಂತ ಮಾತ್ರ ಈ ಸಲ ನಿಮ್ಗೆ ಯೋಳಕಿಲ್ಲ" ಎಂದು ನಕ್ಕರು. ನಾನೂ ನಕ್ಕೆ, ಆದರೆ ಆ ಮಾತು ಶೆಟ್ಟಿಹಳ್ಳಿಯಲ್ಲೂ ಎಷ್ಟೋ ದಿನ ನನ್ನನ್ನು ಕೊರೆಯಿತು.

ಇದನ್ನು ಬರೆಯುವ ಮೊದಲು ಅಕ್ಕನಿಗೆ ಫೋನ್ ಮಾಡಿ ಅನುಮತಿ ಕೇಳಿದೆ.

"ಅವ್ಳ್ನೂ ಕೇಳ್ತೀನಿ, ತಡೀರಿ" ಎಂದರು. ಹೇಗೆ ಕೇಳುತ್ತೀರಿ ಎಂದು ನಾನು ಬಾಯಿ ಬಿಡಲಿಲ್ಲ. ಎರಡು ದಿನ ಬಿಟ್ಟು ಆಕೆಯೇ ಫೋನ್ ಮಾಡಿದರು. "ಬರ್ಕೊಳ್ಳಿ ಅಂದವ್ಳೆ. ಅವ್ಳು ಯೋಳಿದ್ದೂ ಬರೀರಿ, ನಾನ್ ಯೋಳಿದ್ದೂ ಬರೀರಿ. ಯಾವ್ದು ನಿಜ ಅಂತ ನೀವ್ ಬರೀಬ್ಯಾಡಿ."

ಆಮೇಲೆ ಶೆಟ್ಟಿಹಳ್ಳಿಯಲ್ಲಿ ನೀರು ಎಷ್ಟು ದಿನಕ್ಕೊಮ್ಮೆ ಬಿಡುತ್ತಾರೆ ಎಂದು ವಿಚಾರಿಸಿ ಫೋನ್ ಇಟ್ಟರು.