ಕಾಗೆ ಮುಟ್ಟಿದ ಸುದ್ದಿ

ನನಗೆ ಅವರ ಮುಖಕ್ಕಿಂತ ಮೊದಲು ಪಾದಗಳೇ ನೆನಪಿಗೆ ಬರುತ್ತವೆ. ಅಗಲವಾದ ಪಾದ, ಬಿರುಕು ಬಿಟ್ಟ ಹಿಮ್ಮಡಿ. ಎಡಗಾಲಿನ ಕಿರುಬೆರಳು ಪಕ್ಕದ ಬೆರಳಿನ ಮೇಲೆ ಹತ್ತಿ ಕೂತಿತ್ತು. ಸಾವಿನ ಸುದ್ದಿ ಹಾಕುವಾಗ ಅವರು ಚಪ್ಪಲಿ ಕಳಚಿ ಕುರ್ಚಿಯ ಕೆಳಗೆ ಸರಿಸಿ, ಬರಿಗಾಲನ್ನು ತಣ್ಣನೆಯ ನೆಲಕ್ಕೆ ಊರಿ, ಆಮೇಲೆಯೇ ಕಂಪ್ಯೂಟರಿನ ಗುಂಡಿ ಒತ್ತುತ್ತಿದ್ದರು. ಮದುವೆ ಕಾರ್ಡಿನ ಕೆಲಸಕ್ಕೆ ಚಪ್ಪಲಿ ಬಿಡುತ್ತಿರಲಿಲ್ಲ.

ಹೊನ್ನಾಳಿ ಬಸ್ ಸ್ಟ್ಯಾಂಡಿನ ಹಿಂದಿನ ಬೀದಿಯಲ್ಲಿ ಅವರ ಅಂಗಡಿ. ಅಚ್ಚಿನ ಮೊಳೆಗಳು ಹೋಗಿ ಕಂಪ್ಯೂಟರು ಬಂದು ಎಷ್ಟೋ ಕಾಲವಾಗಿದ್ದರೂ ಊರಿನವರ ಬಾಯಲ್ಲಿ ಅದು ಪ್ರೆಸ್ಸೇ, ಅವರು ಪ್ರೆಸ್ಸಿನ ಅಣ್ಣನೇ. ನಾನು ಗೋವಿನಕೋವಿಯಿಂದ ಬೆಳಗಿನ ಬಸ್ಸಿಗೆ ಬಂದು ಅಲ್ಲಿ ಟೈಪಿಂಗ್ ಮಾಡುತ್ತಿದ್ದೆ. ಅಂಗಡಿಯ ಹಿಂದೆಯೇ ಮನೆ. ಅಣ್ಣನ ಹೆಂಡತಿಯನ್ನು ನಾನು ಅತ್ತಿಗೆ ಎನ್ನುತ್ತಿದ್ದೆ. ಮಂಡಕ್ಕಿ ಒಗ್ಗರಣೆ ಮಾಡಿದ ದಿನ ಪರದೆ ಸರಿಸಿ ಮೊದಲ ತಟ್ಟೆ ನನಗೇ ಕೊಡುತ್ತಿದ್ದರು.

ತಿಥಿಯ ಕಾರ್ಡು ಮಾಡಿಸಲು ಬಂದವರು ಅಣ್ಣನ ಎದುರು ಕೂತು ಒಂದೇ ಮಾತು ಹೇಳಿ ಕಣ್ಣೊರೆಸಿಕೊಳ್ಳುತ್ತಿದ್ದರು. "ಸುದ್ದಿ ಮುಟ್ಟಲಿಲ್ಲ ಅಣ್ಣಾ, ಮಣ್ಣಿಗೆ ಬರಾಕಾಗಲಿಲ್ಲ." ಚನ್ನಗಿರಿಯ ಅಕ್ಕ ಹೋದದ್ದು ನ್ಯಾಮತಿಯ ತಂಗಿಗೆ ಸಂಜೆ ತಿಳಿಯುತ್ತಿತ್ತು. ಕೇಳಿ ಕೇಳಿ ಅವರು ಒಂದು ಬ್ಲಾಗ್ ಮಾಡಿದರು. ಹೆಸರು, ಊರು, 'ಇನ್ನಿಲ್ಲ' ಎಂಬ ಒಂದು ಮಾತು, ಮಣ್ಣು ಎಷ್ಟು ಗಂಟೆಗೆ, ಎಲ್ಲಿ. ಅಷ್ಟೇ. ಹೊಗಳಿಕೆ ಇಲ್ಲ, ಹೂವಿನ ಚಿತ್ರ ಇಲ್ಲ. ಅಂಗಡಿಗೆ ಬಂದವರ ಫೋನ್ ಇಸಿದುಕೊಂಡು, ಫೀಡ್ ಓದುವ ಆ್ಯಪ್ ಹಾಕಿ, ಬ್ಲಾಗಿನ ವಿಳಾಸ ಅದರಲ್ಲಿ ಸೇರಿಸಿ ಕೊಡುತ್ತಿದ್ದರು. ಆಮೇಲೆ ಇಲ್ಲಿ ಹೊಸದು ಹಾಕಿದ್ದೆಲ್ಲ ಅಲ್ಲಿಗೆ ತಾನಾಗಿ ಹೋಗುತ್ತಿತ್ತು.

"ಇದೆಲ್ಲ ಯಾಕ್ರಿ ಅಣ್ಣಾ, ಗ್ರೂಪಿಗೆ ಹಾಕಿದ್ರೆ ಆತಲ್ಲ?" ಎಂದು ಯಾರಾದರೂ ಕೇಳಿದರೆ ನಗುತ್ತಿದ್ದರು.

"ಗ್ರೂಪ್‌ನಾಗೆ ಸತ್ತೋರು ವಾರಕ್ಕೊಂದ್ಸಲ ಸಾಯ್ತಾರಪ್ಪ. ಯಾರು ಹೇಳಿದ್ದು, ಯಾವಾಗಿಂದು, ಒಂದೂ ಗೊತ್ತಾಗಂಗಿಲ್ಲ. ನನ್ನ ತಾವ ಒಬ್ರು ಒಂದೇ ಸಲ ಸಾಯ್ತಾರೆ."

ಸುದ್ದಿ ತಂದವರಿಗೆ ಅವರು ಕೇಳುತ್ತಿದ್ದುದೂ ಒಂದೇ ಪ್ರಶ್ನೆ. "ಕಣ್ಣಾರೆ ನೋಡೀರಾ?" ನೋಡಿದವರು ಫೋನಿಗೆ ಬರುವ ತನಕ ಹಾಕುತ್ತಿರಲಿಲ್ಲ. ನನಗೂ ಎಚ್ಚರಿಕೆ ಹೇಳಿದ್ದರು. "ಇಲ್ಲಿ ಅಳಿಸಿದ್ರೆ ಇಲ್ಲಿ ಅಷ್ಟೇ ಹೋಗತೈತೆ ನೋಡವ್ವ. ಅವರ ಫೋನಿಗೆ ಹೋಗಿ ಕೂತದ್ದು ಅಲ್ಲೇ ಇರತೈತೆ. ಕರೆದ್ರೆ ವಾಪಸ್ ಬರಂಗಿಲ್ಲ."

ಹೀಗಿರುವಾಗ ಒಂದು ಮಧ್ಯಾಹ್ನ ಊಟ ಮಾಡಿ ಹಿತ್ತಲಲ್ಲಿ ಕೈ ತೊಳೆಯುತ್ತಿದ್ದ ಅಣ್ಣನ ತಲೆಗೆ ಕಾಗೆಯೊಂದು ಬಂದು ಬಡಿಯಿತು. ಬೋಳು ತಲೆಯ ಮೇಲೆ ಉಗುರಿನ ಮೂರು ಗೆರೆ. ಅಣ್ಣ ಒದ್ದೆ ಕೈಯಿಂದ ಒರೆಸಿಕೊಂಡು ಒಳಗೆ ಬಂದರು. ಅತ್ತಿಗೆ ಮಾತ್ರ ಕಾಗೆ ಕೂತ ಗೋಡೆಯನ್ನೇ ನೋಡುತ್ತ ನಿಂತಿದ್ದರು. ಕಾಗೆಯೂ ಹಾರಿರಲಿಲ್ಲ.

"ನಮ್ಮ ತವರಿನಾಗೆ ಹಿಂಗಾದ್ರೆ ನೆಂಟರಿಗೆ ಸತ್ತ ಸುದ್ದಿ ಕಳಿಸ್ತಿದ್ರು," ಎಂದರು ಅತ್ತಿಗೆ. "ಅವರು ನಿಜ ಅಂತ ಅಳಬೇಕು. ಅತ್ತ ಮ್ಯಾಲೆ ಸುಳ್ಳು ಅಂತ ಹೇಳಬೇಕು. ಆವಾಗ ದೋಷ ಹೋಗತೈತೆ. ನಮ್ಮಪ್ಪಗೆ ಹಿಂಗಾದಾಗ ಕಳಿಸಾಕೆ ಬಿಡಲಿಲ್ಲ, ನಕ್ಕು ಸುಮ್ನಾದ. ಆ ವರ್ಷದ ದೀಪಾವಳಿ ನೋಡಲಿಲ್ಲ."

ಅತ್ತಿಗೆ ಫೋನಿನಲ್ಲಿ ತಮ್ಮ ತಂಗಿಗೆ ಹಾಗೆ ಸುಳ್ಳು ಹೇಳಲು ಅಣ್ಣ ಒಪ್ಪಿದರು. ತ್ಯಾವಣಿಗೆಯಲ್ಲಿದ್ದ ತಂಗಿ ಅಕ್ಕನ ಅಳುದನಿಯನ್ನು ಪೂರ್ತಿ ಕೇಳಿ, ಕಿಸಕ್ಕನೆ ನಕ್ಕಳು. "ಅಕ್ಕಾ, ನಿಂಗೇನು ಬಂದೈತೆ? ಭಾವನ ಫೀಡಿನಾಗೆ ಬಂದೇ ಇಲ್ಲ. ಭಾವ ಹೆಂಗೆ ಸಾಯ್ತಾರೆ?"

ಅತ್ತಿಗೆಯ ಮುಖ ಸುಣ್ಣವಾಯಿತು. ಅಲ್ಲಿ ಬರದ ಸಾವನ್ನು ಈ ಸೀಮೆಯಲ್ಲಿ ಯಾರೂ ನಂಬುತ್ತಿರಲಿಲ್ಲ. ಅವರಿಗೆ ಬೇಕಾಗಿದ್ದ ಅಳು ಒಂದೇ ಕಡೆಯಿಂದ ಬರಬಹುದಿತ್ತು.

ಫೀಡಿನಲ್ಲೇ ಹಾಕಿ ಎಂದದ್ದಕ್ಕೆ ಅಣ್ಣ ಖಡಾಖಂಡಿತ ಇಲ್ಲವೆಂದರು. ಅತ್ತಿಗೆ ಊಟ ಬಿಟ್ಟರು. ಬಡಿಸುತ್ತಿದ್ದರು, ಮಾತಾಡುತ್ತಿದ್ದರು, ತಾವು ಮಾತ್ರ ತಟ್ಟೆ ಹಾಕಿಕೊಳ್ಳುತ್ತಿರಲಿಲ್ಲ. ಕೊನೆಗೊಂದು ಬೆಳಿಗ್ಗೆ ಅಣ್ಣ ನನ್ನೆದುರೇ ಹೇಳಿದರು, "ಈ ಒಂದು ಸುಳ್ಳಿಗೆ ನನ್ನ ಅಷ್ಟೂ ನಿಜ ಹೋಗತೈತೆ, ತಿಳಕೋ."

"ಹೋದ್ರೆ ಹೋಗ್ಲಿ. ನೀವು ಉಳಕೊಳ್ರಿ."

ಅಣ್ಣ ಚಪ್ಪಲಿ ಬಿಟ್ಟರು. ತಮ್ಮ ಹೆಸರು ಬರೆದರು, ಮುಂದೆ 'ಇನ್ನಿಲ್ಲ' ಎಂದರು. ಮಣ್ಣು ಮಧ್ಯಾಹ್ನ ಮೂರು ಗಂಟೆಗೆ.

"ಮೂರು ಯಾಕಣ್ಣಾ?" ಎಂದೆ.

"ಬಿಸಿಲು ಇಳಿದಿರತೈತೆ. ಜಗಳೂರಿನಿಂದ ಬರೋರಿಗೂ ಅನುಕೂಲ."

ನಿಜವಾಗಿಯೂ ಯಾರದೋ ಮಣ್ಣಿನ ಏರ್ಪಾಡು ಮಾಡುವ ದನಿ. ಎಂದಿನಂತೆ ನನ್ನಿಂದ ಗಟ್ಟಿಯಾಗಿ ಓದಿಸಿದರು. ರೂಢಿಯಿಂದ ಅವರ ಬಾಯಿ ತಾನಾಗಿ ಕೇಳಿತು, "ಕಣ್ಣಾರೆ ನೋಡೀಯೇನವ್ವ?" ಉತ್ತರಕ್ಕೆ ಕಾಯದೆ ಒತ್ತಿದರು. ಸ್ವಲ್ಪ ಹೊತ್ತಿಗೆ ನನ್ನ ಫೋನಿನಲ್ಲಿ ಆ ಸಾಲು ಬಂತು. ಅಂಗೈಯಲ್ಲಿ ಅವರು ಇನ್ನಿಲ್ಲ, ಎದುರಿನ ಕುರ್ಚಿಯ ಕೆಳಗೆ ಅವರ ಎಡಗಾಲಿನ ಕಿರುಬೆರಳು ಅಲ್ಲಾಡುತ್ತಿತ್ತು.

ಅತ್ತಿಗೆ ಅವರಿಗೆ ಸ್ನಾನ ಮಾಡಿಸಿ, ಹಣೆತುಂಬ ವಿಭೂತಿ ಹಚ್ಚಿ ಪಡಸಾಲೆಯ ಕುರ್ಚಿಯಲ್ಲಿ ಕೂರಿಸಿದರು. ತಂಗಿಯ ಅಳು ಬೀದಿಯ ತಿರುವಿನಿಂದಲೇ ಕೇಳಿಸಿತು. ಒಳಗೆ ಬಂದವಳು ಕೂತಿದ್ದ ಭಾವನನ್ನು ಕಂಡು ಇನ್ನೂ ಜೋರಾಗಿ ಅತ್ತಳು. ನಮ್ಮಲ್ಲಿ ಹೋದವರನ್ನೂ ಹಾಗೆಯೇ ವಿಭೂತಿ ಹಚ್ಚಿ ಕೂರಿಸುತ್ತೇವಲ್ಲ. ಆಗ ಅಣ್ಣ ಕಣ್ಣು ಬಿಟ್ಟು, "ಚಹಾ ಕುಡೀತೀಯೇನವ್ವ?" ಎಂದರು. ತಂಗಿ ಚೀರಿದಳು. ಆಮೇಲೆ ಅವರ ಭುಜಕ್ಕೆ ಗುದ್ದುತ್ತ, "ಏಳ್ರಿ ಭಾವ, ಏಳ್ರಿ! ನಿಮ್ಮ ಆಟಕ್ಕೆ ನನ್ನ ಜೀವ ಹೋಗತಿತ್ತು!" ಎಂದು ನಕ್ಕಳು, ಅತ್ತಳು. ಅತ್ತಿಗೆ ಆ ಅಳುವಿಗೆ ಕೈ ಮುಗಿದು, ಒಳಗೆ ಹೋಗಿ ತಟ್ಟೆ ಹಾಕಿಕೊಂಡರು.

ಉಳಿದವರು ಬಂದು ಮುಟ್ಟುವ ಮೊದಲೇ ಅಣ್ಣ ಸುದ್ದಿ ಅಳಿಸಿ, ಕಾಗೆ ಮುಟ್ಟಿದ್ದಕ್ಕೆ ಹಾಕಿದ್ದೆಂದೂ ಕ್ಷಮಿಸಬೇಕೆಂದೂ ಹೊಸದಾಗಿ ಬರೆದರು. ನನ್ನ ಫೋನಿನಲ್ಲಿ ಎರಡೂ ಉಳಿದವು.

ಅಂದಿನಿಂದ ಪ್ರೆಸ್ಸಿನ ಫೋನು ಬೇರೆ ರೀತಿ ಮಾತಾಡತೊಡಗಿತು. ಅಣ್ಣ ಯಾರ ಸುದ್ದಿ ಹಾಕಿದರೂ ಎರಡು ಮೂರು ಕರೆ. "ಅಣ್ಣಾ, ಇದು ಕಾಗೆದೋ, ನಿಜದ್ದೋ?" ಕೆಲವರು ನಗುತ್ತ ಕೇಳುತ್ತಿದ್ದರು. ಅಣ್ಣ, "ನಿಜದ್ದು, ನಿಜದ್ದು," ಎಂದು ಹೇಳಿ ಫೋನಿಡುತ್ತಿದ್ದರು.

ಕೆಲವು ತಿಂಗಳ ಮೇಲೆ ಜಗಳೂರಿನಿಂದ ಒಬ್ಬರು ಬಂದರು. ಬಸ್ ಕಂಡಕ್ಟರಾಗಿ ನಿವೃತ್ತರಾದವರು, ಅಣ್ಣನ ಫೀಡನ್ನು ಮೊದಲಿನಿಂದ ಓದುತ್ತಿದ್ದವರು. ಅತ್ತಿಗೆಗೆ ಸಮಾಧಾನ ಹೇಳಲೆಂದು ಬಾಳೆಹಣ್ಣಿನ ಚಿಪ್ಪು ಹಿಡಿದು ಬಂದಿದ್ದರು. ಬಾಗಿಲು ತೆರೆದದ್ದು ಅಣ್ಣ. ಆ ಮನುಷ್ಯ ಮುಖ ನೋಡಲಿಲ್ಲ. ಮೊದಲು ಪಾದ ನೋಡಿದರು, ಮುಂದಕ್ಕಿವೆಯೋ ಹಿಂದಕ್ಕೆ ತಿರುಗಿವೆಯೋ ಎಂದು. ಅಣ್ಣನೂ ತಲೆ ಬಗ್ಗಿಸಿ ತಮ್ಮ ಪಾದಗಳನ್ನು ನೋಡಿಕೊಂಡರು.

"ಸುಳ್ಳು ಅಂತ ಮತ್ತೆ ಹಾಕಿದ್ನಲ್ರೀ," ಎಂದರು.

"ನೀವೇ ಇಲ್ಲ ಅಂದ ಮ್ಯಾಲೆ ಇನ್ನು ಯಾರು ಹಾಕ್ತಾರೆ ಅಂತ ಫೀಡೇ ತೆಗೆದುಬಿಟ್ಟೆ ಅಣ್ಣಾ." ಅವರು ಹೊಸ್ತಿಲು ದಾಟಲಿಲ್ಲ. "ನಿಮ್ಮ ಹೆಸರಲ್ಲಿ ಅನ್ನ ಇಟ್ಟಿದ್ದೆ. ಇಟ್ಟ ತಕ್ಷಣ ಕಾಗೆ ಬಂದು ಉಂಡು ಹೋತು."

ಚಹಾ ಬೇಡವೆಂದರು. ಹಣ್ಣನ್ನು ಜಗಲಿಯ ಮೇಲಿಟ್ಟು ಹಿಂದಿರುಗಿ ನೋಡದೆ ಹೋದರು. ಆ ಹಣ್ಣನ್ನು ನಾವ್ಯಾರೂ ತಿನ್ನಲಿಲ್ಲ.

ಮುಂದಿನ ದೀಪಾವಳಿಯನ್ನು ಅಣ್ಣ ನೋಡಿದರು. ಅತ್ತಿಗೆ ದೀಪ ಹಚ್ಚುತ್ತ ನನ್ನ ಕಡೆ ತಿರುಗಿ, ಗೆದ್ದೆ ಎನ್ನುವ ಹಾಗೆ ನಕ್ಕಿದ್ದರು. ಹಬ್ಬ ಕಳೆದು ಚಳಿ ಬಿದ್ದ ಮೇಲೆ, ಒಂದು ಬೆಳಿಗ್ಗೆ ನಾನು ಬಸ್ಸಿಳಿದು ಬಂದಾಗ ಅಂಗಡಿಯ ಬಾಗಿಲು ಅರ್ಧ ತೆರೆದಿತ್ತು. ಅಣ್ಣ ಒಳಗೆ ಚಾಪೆಯ ಮೇಲಿದ್ದರು. ಡಾಕ್ಟರು ಬಂದು ನೋಡಿ, ತಲೆ ಆಡಿಸಿ ಹೋಗಿದ್ದರು.

"ಹಾಕವ್ವ," ಎಂದರು ಅತ್ತಿಗೆ. "ಹನ್ನೆರಡಕ್ಕೆ ಅಂತ ಹಾಕು."

ಚಪ್ಪಲಿ ಬಿಟ್ಟು ಕೂತೆ. ನೆಲ ಇಷ್ಟು ತಣ್ಣಗಿರುತ್ತದೆಂದು ಅಂದೇ ಗೊತ್ತಾದದ್ದು. ಅವರು ಬರೆಯುತ್ತಿದ್ದ ಹಾಗೆಯೇ ಬರೆದು ಹಾಕಿದೆ. ಫೋನುಗಳು ಬಂದವು. "ಮತ್ತೆ ಕಾಗೆನಾ?" ತ್ಯಾವಣಿಗೆಯ ತಂಗಿ ಅಕ್ಕನ ದನಿ ಕೇಳಿಯೂ ನಕ್ಕಳು. "ಈ ಸಲ ನಾನು ಬರಂಗಿಲ್ಲಪ್ಪ. ಭಾವನಿಗೆ ಕೊಡು ಫೋನು."

ಅತ್ತಿಗೆ ಫೋನನ್ನು ನನ್ನ ಕೈಗಿಟ್ಟರು. ಅಣ್ಣನಿಗೆ ವಿಭೂತಿ ಹಚ್ಚಿ, ಮಾಲೆ ಹಾಕಿ ಪಡಸಾಲೆಯಲ್ಲಿ ಕೂರಿಸಿದ್ದಾಯಿತು. ಮಣ್ಣು ಮಾಡಿಸುವ ಅಯ್ಯನವರು ಬಂದು ಕಾದರು. ಅಕ್ಕಪಕ್ಕದ ನಾಲ್ಕಾರು ಜನ ಬಿಟ್ಟರೆ ಯಾರಿಲ್ಲ. ಹನ್ನೆರಡು ಹೊಡೆಯಿತು. ಅವರನ್ನು ಹೊರುವಷ್ಟು ಜನವೂ ಇರಲಿಲ್ಲ.

ನಾನು ಮತ್ತೆ ಕಂಪ್ಯೂಟರಿನ ಮುಂದೆ ಕೂತೆ. ಅವರು ಎಂದೂ ಬರೆಯದಿದ್ದ, ಎಂದೂ ಕೇಳದೆ ಬಿಡದಿದ್ದ ಮಾತನ್ನು ಬರೆದೆ: 'ಕಣ್ಣಾರೆ ನೋಡಿದ್ದೇನೆ.' ಕೆಳಗೆ ನನ್ನ ಹೆಸರು, ಊರು.

ಆಮೇಲೆ ಬಂದರು. ಉಬ್ರಾಣಿಯಿಂದ, ಚನ್ನಗಿರಿಯಿಂದ, ನ್ಯಾಮತಿಯಿಂದ, ಬೀದಿ ತುಂಬ. ತಂಗಿ ಬಂದದ್ದು ಎಲ್ಲರಿಗಿಂತ ಕೊನೆಗೆ, ಅರ್ಧ ನಂಬಿ, ಅರ್ಧ ಸಿಟ್ಟಾಗಿ. ಜನರನ್ನು ಸರಿಸಿಕೊಂಡು ನೇರ ಕುರ್ಚಿಯ ಹತ್ತಿರ ಹೋದಳು.

"ಏಳ್ರಿ ಭಾವ, ಸಾಕು," ಎಂದು ಭುಜಕ್ಕೆ ಗುದ್ದಿದಳು. ಕೈ ಅಲ್ಲೇ ನಿಂತಿತು. ತೆಗೆಯಲಿಲ್ಲ, ಅಳಲೂ ಇಲ್ಲ. ಅವಳ ಪಾಲಿನ ಅಳು ಕಾಗೆ ಸುದ್ದಿಯ ದಿನವೇ ಮುಗಿದುಹೋಗಿತ್ತೇನೋ.

ಅಣ್ಣನನ್ನು ಎತ್ತಿದಾಗ ನಾನು ಗಡಿಯಾರ ನೋಡಲಿಲ್ಲ. ಮಣ್ಣು ಮುಗಿಸಿ ಬಂದವರು ಕೈಕಾಲು ತೊಳೆಯುವಾಗ ಅಯ್ಯನವರು ಯಾರಿಗೋ ಹೇಳುತ್ತಿದ್ದುದು ಕಿವಿಗೆ ಬಿತ್ತು. "ಹನ್ನೆರಡು ಅಂದಿದ್ರು, ಇಳಿಸೋ ಹೊತ್ತಿಗೆ ಸರಿಯಾಗಿ ಮೂರಾತು ನೋಡ್ರಿ. ಬಿಸಿಲು ಇಳಿದಿತ್ತು, ಒಳ್ಳೇದಾತು."

ಫೋನ್ ತೆಗೆದು ಮೂರು ಗಂಟೆಯ ಆ ಹಳೆಯ ಸಾಲು ಹುಡುಕಿದೆ. ಅವರ ಕೈಯಿಂದಲೇ ಹೋದದ್ದು, ಕರೆದರೆ ವಾಪಸ್ ಬರದದ್ದು, ಹಾಗೆಯೇ ಕೂತಿತ್ತು.

ಈಗ ಆ ಫೀಡು ನನ್ನದು. ಯಾರಾದರೂ ಕಾಗೆದೋ ನಿಜದ್ದೋ ಎಂದು ಕೇಳಿದರೆ ಕಣ್ಣಾರೆ ನೋಡಿದವರ ಹೆಸರು ಹೇಳುತ್ತೇನೆ. ಚಪ್ಪಲಿ ಬಿಟ್ಟು ಕೂರುವಾಗ ಕುರ್ಚಿಯ ಕೆಳಗೆ ಇನ್ನೊಂದು ಜೊತೆ ಕಾಲಿಗೆ ತಾಗುತ್ತದೆ. ಅತ್ತಿಗೆ ಅದನ್ನು ಅಲ್ಲಿಂದ ತೆಗೆದಿಲ್ಲ, ನಾನೂ ತೆಗೆದಿಲ್ಲ.