ಸಿಸ್ಟರ್ ಕಂಬಳಿಯ ಮೇಲೆ ಕೂತ ದಿನ

ನಮ್ಮ ಶಾಲೆಯ ಹೆಡ್‌ಮಿಸ್ಟ್ರೆಸ್ ಸಿಸ್ಟರ್ ರಾಮಸಮುದ್ರದ ನಮ್ಮ ಮನೆಗೆ ಬಂದದ್ದು ನಿಜ. ಅದಕ್ಕಿಂತ ಹೆಚ್ಚಿನದನ್ನು ನಾನು ಆಣೆಯಿಟ್ಟು ಹೇಳಲಾರೆ. ಅವರು ಕಂಬಳಿಯ ಮೇಲೆ ಕೂತರೆಂದು ನನ್ನ ನೆನಪು. ಕೂರಲೇ ಇಲ್ಲ, ಹೊಸ್ತಿಲ ಹತ್ತಿರ ನಿಂತೇ ಮಾತಾಡಿ ಹೋದರು ಎನ್ನುತ್ತಾಳೆ ತಂಗಿ. ಬಂದದ್ದು ಒಬ್ಬರಲ್ಲ, ಇಬ್ಬರು ಸಿಸ್ಟರುಗಳು ಎಂದು ಅತ್ತೆ. ಕಣ್ಣಾರೆ ಕಂಡೆ ಅನ್ನುವವರನ್ನು ಮೊದಲು ಅನುಮಾನಿಸಬೇಕು ಎಂದು ವಿಶ್ವವಿದ್ಯಾಲಯದ ಇತಿಹಾಸ ವಿಭಾಗದಲ್ಲಿ ಕಲಿತು ಬಂದವನು ನಾನು. ಈಗ ಮೊದಲ ಅನುಮಾನ ನನ್ನ ಮೇಲೇ.

ಆದರೂ ಒಂದು ಪ್ರಶ್ನೆ ನನ್ನನ್ನು ಸುಮ್ಮನೆ ಕೂರಗೊಡುವುದಿಲ್ಲ. ಸಿಸ್ಟರ್ ಅಂದು ಬಂದದ್ದು ನನ್ನ ತಂಗಿಗಾಗಿಯೋ, ಶಾಲೆಯ ಹೆಸರಿಗಾಗಿಯೋ?

ಶಾಲೆ ಯಾದಗಿರಿಯಲ್ಲಿತ್ತು. ಸರ್ಕಾರದ ಅನುದಾನ, ಕ್ಯಾಥೊಲಿಕ್ ಸಿಸ್ಟರುಗಳ ಆಡಳಿತ. ಓದುವವರಲ್ಲಿ ಕ್ರೈಸ್ತರು ಬೆರಳೆಣಿಕೆಯಷ್ಟು. ಉಳಿದವರು ಧಾನ್ಯ ವ್ಯಾಪಾರದ ಅಡತಿ ಅಂಗಡಿಯವರ ಮಕ್ಕಳು, ಹತ್ತಿಕುಣಿ ಕಡೆಯ ಒಕ್ಕಲುತನದವರ ಮಕ್ಕಳು, ನಮ್ಮಂಥ ಕುರಿ ಸಾಕುವವರು, ಮುಸ್ಲಿಂ ಹುಡುಗಿಯರು. ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ಮುಂಚೆ ಎಲ್ಲರೂ ಸಾಲಾಗಿ ನಿಲ್ಲುತ್ತಿದ್ದೆವು. ಹಣೆಯಲ್ಲಿ ವಿಭೂತಿ ಇದ್ದವರಿಗೆ ಅದು ಅಳಿಸದ ಹಾಗೆ ಕೆಳಗೆ ಜಾಗ ನೋಡಿ ಸಿಸ್ಟರ್ ಹೆಬ್ಬೆರಳಿನಿಂದ ಶಿಲುಬೆ ಎಳೆಯುತ್ತಿದ್ದರು. ಯಾವ ಮನೆಯವರೂ ತಕರಾರು ಮಾಡಲಿಲ್ಲ. ಪ್ರತಿ ವರ್ಷ ನೂರಕ್ಕೆ ನೂರು ಫಲಿತಾಂಶ ಕೊಡುವ ಬೆರಳದು ಎಂದೇ ಊರಿನವರ ಲೆಕ್ಕ. ಆ ನೂರರ ಹೆದರಿಕೆ ನಮ್ಮೆಲ್ಲರಿಗೂ ಇತ್ತು. ನಾನು ಅದನ್ನು ಹೇಗೋ ದಾಟಿ ಪಿಯುಸಿಗೆ ಹೋದೆ. ಮರುವರ್ಷ ತಂಗಿಯ ಸರದಿ. ಅವಳಿಗೆ ಗಣಿತ ಬರುತ್ತಿರಲಿಲ್ಲ. ಪೂರ್ವಸಿದ್ಧತಾ ಪರೀಕ್ಷೆಯಲ್ಲೂ ಅದರಲ್ಲೇ ಫೇಲಾಗಿದ್ದಳು.

ಅದೇ ಹೊತ್ತಿಗೆ ಕುರಿ ಹೊರಡುವ ಕಾಲ ಬಂತು. ನಮ್ಮ ಕಡೆ ಮೇವು ಮುಗಿದ ಮೇಲೆ ಮಂದೆಗಳು ಶಹಾಪುರ, ಸುರಪುರದ ಕಾಲುವೆ ಸೀಮೆಗೆ ಹೋಗುತ್ತವೆ. ಗದ್ದೆಯವರು ಗೊಬ್ಬರಕ್ಕೆಂದು ಅವನ್ನು ತಮ್ಮ ಹೊಲದಲ್ಲಿ ನಿಲ್ಲಿಸಿಕೊಳ್ಳುತ್ತಾರೆ. ಹೊರಡುವ ಮುನ್ನ ಬಳಗದ ಹಿರಿಯರು ಕರಿ ಕಂಬಳಿ ಹಾಸಿ, ದೇವರ ಅರಿಶಿನ ಭಂಡಾರ ಚೆಲ್ಲಿ, ಅದರ ಮೇಲೆ ಕೂತು ಯಾರು ಯಾವ ದಿಕ್ಕಿಗೆ, ಯಾರ ಜೊತೆಗೆ ಎಂದು ಗೊತ್ತುಮಾಡುತ್ತಾರೆ. ಕಂಬಳಿಯ ಮೇಲೆ ಕೂತವರು ಮಂದೆಯಲ್ಲಿ ಪಾಲುದಾರರು. ಅವರ ಮಾತು ನಡೆಯುತ್ತದೆ. ಆದರೆ ಒಬ್ಬರನ್ನು ಕೆಲಸದಿಂದ ಬಿಡಿಸಿದರೆ ಬದಲಿಗೆ ಇನ್ನೊಬ್ಬರನ್ನು ಕೊಡುವುದು ಅವರದೇ ಜವಾಬ್ದಾರಿ.

ಆ ವರ್ಷ ಚಿಕ್ಕಮ್ಮ ಬಾಣಂತಿ. ಅವಳ ಬದಲು ಮಂದೆಯ ಜೊತೆ ರೊಟ್ಟಿ ಬಡಿಯಲು ತಂಗಿ ಹೋಗಬೇಕೆಂದು ಮಾತಾಗಿತ್ತು. ಹೋದರೆ ಪರೀಕ್ಷೆ ಇಲ್ಲ. ಅವಳು ಶಾಲೆಗೆ ಹೋಗುವುದನ್ನು ಬಿಟ್ಟಿದ್ದಳು.

ನನ್ನ ನೆನಪಿನಲ್ಲಿ, ಹಿರಿಯರು ಹಾಗೆ ಕೂತಿದ್ದಾಗಲೇ ಸಿಸ್ಟರ್ ಆಟೋದಿಂದ ಇಳಿದು, ಚಪ್ಪಲಿ ಕಳಚಿ, ನೇರ ಬಂದು ಕಂಬಳಿಯ ಮೇಲೆ ಕೂತರು. ಅವರು ಕರಾವಳಿ ಕಡೆಯವರು. ಬಂದವರಿಗೆಂದು ಹಾಸಿದ್ದಾರೆ ಎಂದುಕೊಂಡಿರಬೇಕು. ಬಿಳಿ ಸೀರೆಗೆಲ್ಲ ಭಂಡಾರದ ಅರಿಶಿನ.

"ಅಮ್ಮಾರ, ಕಂಬಳಿ ಮ್ಯಾಲ ಕುಂತ್ರಲ್ರೀ" ಎಂದರು ಮುತ್ಯಾ. ನಮ್ಮ ಅಜ್ಜನನ್ನು ನಾವು ಹಾಗೇ ಕರೆಯುವುದು.

"ಕೂರಬಾರದಿತ್ತೇ?"

"ಕುಂತಾಗ್ಯಾದ. ಇನ್ನ ನೀವೂ ಕುರಿಯವರೇ. ಏನ್ ಕೇಳ್ತೀರಿ ಕೇಳ್ರಿ."

"ಪರೀಕ್ಷೆ ಮುಗಿಯುವವರೆಗೆ ಹುಡುಗಿಯನ್ನು ಬಿಟ್ಟುಕೊಡಿ."

"ಆಯ್ತು. ಆಕಿ ಬದ್ಲಿ ಯಾರ್ನ ಕೊಡ್ತೀರಿ?"

ಸಿಸ್ಟರ್‌ಗೆ ಅರ್ಥವಾಗಲಿಲ್ಲ. ಸೋದರಮಾವ ಬಿಡಿಸಿ ಹೇಳಿ, ಕೊನೆಗೆ ಸೇರಿಸಿದ: "ನೀವೇ ಬರ್ರಿ ಅಮ್ಮಾರ. ಸುರಪುರ ಸೀಮಿ ನೋಡಿದಂಗೂ ಆಗ್ತದ. ರೊಟ್ಟಿ ಬಡೀಲಾಕ ಬರ್ತದೇನ್ರಿ?"

"ಬರುವುದಿಲ್ಲ. ಕಲಿಸಿದರೆ ಕಲಿಯುತ್ತೇನೆ" ಎಂದರು ಸಿಸ್ಟರ್. ನಗದೆಯೇ ಹೇಳಿದರು. ಗಂಡಸರೆಲ್ಲ ಬಿದ್ದು ಬಿದ್ದು ನಕ್ಕರು.

ಒಳಗಿನಿಂದ ಅತ್ತೆಯ ದನಿ ಬಂತು: "ನಗಬ್ಯಾಡ್ರೋ ಸಾಕು! ಪಾಪ, ಆಯಮ್ಮ ಕುರಿ ಕಂಡಾಳೋ ಇಲ್ಲೋ. ನಾ ಹೋಗ್ತೀನಿ ಬಿಡ್ರಿ. ಪೋರಿ ಬರೀಲಿ."

ಮುತ್ಯಾ ಸಿಸ್ಟರ್ ಕಡೆ ತಿರುಗಿ, "ನಿಮ್ಮ ಪಾಲಿಗಿ ನಮ್ಮ ಮಗಳೇ ನಿಂತ್ಲು ನೋಡ್ರಿ" ಎಂದರು.

ಇದು ನನ್ನ ಕತೆ. ಅತ್ತೆಯನ್ನು ಕೇಳಿದರೆ, "ನಾ ಮುಂಜಾನಿನೇ ಹೋಗ್ತೀನಂತ ಅಂದಿದ್ದೆ, ಆಯಮ್ಮ ಬರೂಕಿಂತ ಮೊದ್ಲ" ಎನ್ನುತ್ತಾಳೆ. ಹಾಗಿದ್ದರೆ ಸಿಸ್ಟರ್ ಬಂದದ್ದರಿಂದ ಏನೂ ಬದಲಾಗಲಿಲ್ಲ. ಕಂಬಳಿ, ನಗು, ಅರಿಶಿನ ಎಲ್ಲ ನಾನು ಆಮೇಲೆ ಹೆಣೆದದ್ದಿರಬಹುದು. ಕೇಳೋಣವೆಂದರೆ ಮುತ್ಯಾ ಇಲ್ಲ. ವರ್ಗವಾಗಿ ಹೋದ ಸಿಸ್ಟರ್ ಕೂಡ ತೀರಿಕೊಂಡರಂತೆ.

ತಂಗಿ ಪರೀಕ್ಷೆ ಬರೆದಳು. ಗಣಿತದಲ್ಲಿ ಫೇಲಾದಳು. ಶಾಲೆಯಲ್ಲಿ ಆ ವರ್ಷ ಫೇಲಾದವಳು ಅವಳೊಬ್ಬಳೇ. ನೂರು ತಪ್ಪಿತು. ಅಡತಿ ಅಂಗಡಿಗಳಲ್ಲಿ ತಿಂಗಳುಗಟ್ಟಲೆ ಅದೇ ಮಾತು: ಕುರಿಯವರ ಹುಡುಗಿ ಶಾಲೆಯ ಹೆಸರು ಕೆಡಿಸಿದಳು. ಸಿಸ್ಟರ್ ಅವಳನ್ನು ಕರೆಸಿ, ಮಧ್ಯಾಹ್ನ ಊಟದ ಹೊತ್ತಿನಲ್ಲಿ ತಾವೇ ಪಾಠ ಹೇಳಿ ಪೂರಕ ಪರೀಕ್ಷೆಗೆ ಕೂರಿಸಿದರು. ಪಾಸಾದಳು. ಈಗ ಸುರಪುರದಲ್ಲಿ ಟೀಚರ್.

ನನ್ನ ಅನುಮಾನ ಮಾತ್ರ ಹೋಗಲಿಲ್ಲ. ಒಬ್ಬಳು ಗೈರಾದರೂ ನೂರು ತಪ್ಪುತ್ತದೆ, ಆ ಹೆದರಿಕೆಗೇ ಸಿಸ್ಟರ್ ಓಡಿ ಬಂದರು ಎಂದು ಮೊನ್ನೆಯೂ ತಂಗಿಯೊಂದಿಗೆ ವಾದ ಮಾಡಿದೆ.

"ಅಣ್ಣಾ, ನಿನಗ ಯಾರ್ನೂ ನಂಬಲಾಕ ಬರಲ್ಲ. ಅದೊಂದು ರೋಗ" ಎಂದಳು. ಆಮೇಲೆ ಚಹಾ ಸೋಸುತ್ತಾ, "ಹೋಗು, ಯಾರಿಗಾದ್ರೂ ಕೇಳು. ಮೊದ್ಲ ಕೇಳು, ಆಮ್ಯಾಲ ಬೈ" ಎಂದಳು.

ಕೇಳಿದೆ. ಶಹಾಪುರದಲ್ಲಿ ಶಿಕ್ಷಣ ಇಲಾಖೆಯ ಕೆಲಸದಲ್ಲಿರುವ ಗೆಳೆಯನನ್ನು ಕೇಳಿದೆ. ಅವನನ್ನೂ ನಂಬದೆ, ನಿವೃತ್ತರಾದ ಇಬ್ಬರು ಹೆಡ್‌ಮಾಸ್ತರರನ್ನು ಬೇರೆ ಬೇರೆಯಾಗಿ ಕೇಳಿದೆ. ಹೆಡ್‌ಮಾಸ್ತರ ಆದವನಿಗೆ ಇದು ಗೊತ್ತಿಲ್ಲದೆ ಇರುತ್ತದೆಯೇ ಎಂದು ಇಬ್ಬರೂ ನಕ್ಕರು. ಗೈರಾದವರನ್ನು ಶಾಲೆಯ ಫಲಿತಾಂಶದ ಲೆಕ್ಕಕ್ಕೆ ಹಿಡಿಯುವುದಿಲ್ಲ, ಹಾಜರಾದವರನ್ನಷ್ಟೇ ಹಿಡಿಯುತ್ತಾರೆ. ಆಗಲೂ ಹಾಗೆಯೇ ಇತ್ತು. ತಂಗಿ ಕುರಿಯ ಹಿಂದೆ ಹೋಗಿಬಿಟ್ಟಿದ್ದರೆ ಆ ವರ್ಷವೂ ಶಾಲೆಗೆ ನೂರಕ್ಕೆ ನೂರೇ ಬರುತ್ತಿತ್ತು.